ರಾನ್ ನೆಚ್ಚೈ: 27 ಸ್ಟ್ರೈಕ್‌ಔಟ್‌ಗಳ ಪಂದ್ಯ ಮತ್ತು ಅದರ ನಂತರದ ಮೂರು ತಿಂಗಳು

ಹಳೆಯ ಸ್ಕೋರ್‌ಕಾರ್ಡ್ (ಚರ್ಚೆ ಆರಂಭಿಸಿದವರು)

ಬೇಸ್‌ಬಾಲ್ ಚರಿತ್ರೆಯಲ್ಲಿ ಆಸಕ್ತಿ ಇರುವವರಿಗೆ ರಾನ್ ನೆಚ್ಚೈ ಎಂಬ ಹೆಸರು ಸಾಮಾನ್ಯವಾಗಿ ಒಂದೇ ಸಂಖ್ಯೆಯ ಜೊತೆಯಲ್ಲಿ ಎದುರಾಗುತ್ತದೆ. 1952ರ ಮೇ 13ರಂದು, ವರ್ಜೀನಿಯಾದ ಬ್ರಿಸ್ಟಲ್ ಪಟ್ಟಣದ ಶಾ ಸ್ಟೇಡಿಯಂನಲ್ಲಿ, ಸಾವಿರದ ಚಿಲ್ಲರೆ ಪ್ರೇಕ್ಷಕರ ಎದುರಿಗೆ, ಹತ್ತೊಂಬತ್ತು ವರ್ಷದ ಈ ಎತ್ತರದ ಬಲಗೈ ಪಿಚರ್ (ಚೆಂಡೆಸೆಯುವ ಆಟಗಾರ) ವೆಲ್ಚ್ ಮೈನರ್ಸ್ ತಂಡದ ವಿರುದ್ಧ ಒಂಬತ್ತು ಇನಿಂಗ್ಸ್‌ಗಳಲ್ಲಿ 27 ಸ್ಟ್ರೈಕ್‌ಔಟ್ ಪಡೆದರು. ಬ್ರಿಸ್ಟಲ್ ಟ್ವಿನ್ಸ್ 7–0ರಿಂದ ಗೆದ್ದಿತು. ಎದುರಾಳಿಗಳಿಗೆ ಒಂದು ಹಿಟ್ (ಬೇಸ್ ಸೇರಿಸುವ ಹೊಡೆತ) ಕೂಡ ದಕ್ಕಲಿಲ್ಲ. ಒಂಬತ್ತು ಇನಿಂಗ್ಸ್‌ನ ವೃತ್ತಿಪರ ಪಂದ್ಯದಲ್ಲಿ ಮತ್ತೆ ಯಾರೂ ಆ ಸಂಖ್ಯೆಯನ್ನು ಮುಟ್ಟಿಲ್ಲ.

ಕ್ರಿಕೆಟ್ ನೋಡಿ ಬೆಳೆದ ನಮಗೆ ಇದರ ತೂಕ ಥಟ್ಟನೆ ತಿಳಿಯುವುದಿಲ್ಲ. ಬೇಸ್‌ಬಾಲ್‌ನಲ್ಲಿ ಪ್ರತಿ ತಂಡಕ್ಕೆ ಒಂಬತ್ತು ಇನಿಂಗ್ಸ್, ಪ್ರತಿ ಇನಿಂಗ್ಸ್‌ಗೆ ಮೂರು ಔಟ್, ಒಟ್ಟು 27 ಔಟ್. ಇವುಗಳಲ್ಲಿ ಬಹುಪಾಲು ಫೀಲ್ಡರ್‌ಗಳ ಕೈಯಿಂದ ಆಗುವಂಥವು. ಚೆಂಡು ನೆಲಕ್ಕೆ ಬಡಿದು ಉರುಳುತ್ತದೆ ಅಥವಾ ಗಾಳಿಯಲ್ಲಿ ಏಳುತ್ತದೆ, ಯಾರೋ ಹಿಡಿಯುತ್ತಾರೆ. ಫೀಲ್ಡರ್‌ಗಳ ನೆರವೇ ಇಲ್ಲದೆ, ಬ್ಯಾಟರ್ ಮೂರು ಸ್ಟ್ರೈಕ್‌ಗಳಲ್ಲಿ (ಹೊಡೆಯಲು ತಪ್ಪಿದ ಅಥವಾ ಹೊಡೆಯದೆ ಬಿಟ್ಟ ಸರಿಯಾದ ಎಸೆತಗಳಲ್ಲಿ) ಸೋಲುವುದೇ ಸ್ಟ್ರೈಕ್‌ಔಟ್. 1952ರಲ್ಲಿ ಮೇಜರ್ ಲೀಗ್‌ನ, ಅಂದರೆ ಅಮೆರಿಕದ ಅತ್ಯುನ್ನತ ಮಟ್ಟದ ಬೇಸ್‌ಬಾಲ್‌ನ, ಪಿಚರ್‌ಗಳು ಒಂಬತ್ತು ಇನಿಂಗ್ಸ್‌ಗೆ ಸರಾಸರಿ ನಾಲ್ಕರ ಆಸುಪಾಸಿನಲ್ಲಿದ್ದರು. ಆಗ ಮೇಜರ್ ಲೀಗ್‌ನಲ್ಲಿ ಒಂಬತ್ತು ಇನಿಂಗ್ಸ್‌ನ ಗರಿಷ್ಠ ದಾಖಲೆ 1938ರಲ್ಲಿ ಬಾಬ್ ಫೆಲ್ಲರ್ ಪಡೆದ 18. ಇಂದಿಗೂ ಅದು 20ರಲ್ಲೇ ನಿಂತಿದೆ.

ಈ ಚರ್ಚೆಯನ್ನು ಆರಂಭಿಸಿದ್ದು ಆ ರಾತ್ರಿಯ ವೈಭವವನ್ನು ಮತ್ತೊಮ್ಮೆ ಹೊಗಳುವುದಕ್ಕಲ್ಲ. ನೆಚ್ಚೈ ಕುರಿತ ಬರಹಗಳಲ್ಲಿ ಹೆಚ್ಚಿನವು 27ರಿಂದ ಹೊರಟು, ಅದೇ ವರ್ಷ ಪಿಟ್ಸ್‌ಬರ್ಗ್ ಪೈರೇಟ್ಸ್ ಪರವಾಗಿ ಅವರು ಗಳಿಸಿದ 7.08 ಎಂಬ ದುಬಾರಿ ಸರಾಸರಿಗೆ (ಒಂಬತ್ತು ಇನಿಂಗ್ಸ್‌ಗೆ ಬಿಟ್ಟುಕೊಟ್ಟ ರನ್‌ಗಳ ಸರಾಸರಿ, ಕಡಿಮೆಯಿದ್ದಷ್ಟೂ ಒಳ್ಳೆಯದು) ಒಂದೇ ನೆಗೆತದಲ್ಲಿ ಬಂದು, ‘ಕೆಳದರ್ಜೆಯಲ್ಲಿ ಹುಲಿ, ಮೇಲೆ ಇಲಿ’ ಎಂಬ ಧಾಟಿಯಲ್ಲಿ ಮುಗಿಯುತ್ತವೆ. ನಡುವೆ ಒಂದು ನಿಲ್ದಾಣ ಇತ್ತು ಎಂಬುದನ್ನು ಬಹಳ ಮಂದಿ ಗಮನಿಸುವುದಿಲ್ಲ. ಬ್ರಿಸ್ಟಲ್ ಬಿಟ್ಟ ಮೇಲೆ ಅವರನ್ನು ಕಳುಹಿಸಿದ್ದು ನಾರ್ತ್ ಕ್ಯಾರೊಲೈನಾದ ಬರ್ಲಿಂಗ್‌ಟನ್-ಗ್ರಹಾಂ ತಂಡಕ್ಕೆ, ಅಂದರೆ ಬ್ರಿಸ್ಟಲ್‌ಗಿಂತ ಎರಡು ದರ್ಜೆ ಮೇಲಿನ, ಬಿ ದರ್ಜೆಯ ಕ್ಯಾರೊಲೈನಾ ಲೀಗ್‌ಗೆ. ಅಲ್ಲಿ ಅವರು 126 ಇನಿಂಗ್ಸ್ ಎಸೆದು 172 ಸ್ಟ್ರೈಕ್‌ಔಟ್ ಪಡೆದರು. ಅವರ ರನ್ ಸರಾಸರಿ 1.57. ಆದರೂ ಗೆಲುವು ಏಳು, ಸೋಲು ಒಂಬತ್ತು. ಒಂಬತ್ತು ಇನಿಂಗ್ಸ್‌ಗೆ ಎರಡು ರನ್ ಕೂಡ ಬಿಟ್ಟುಕೊಡದ ಪಿಚರ್ ಗೆದ್ದದ್ದಕ್ಕಿಂತ ಹೆಚ್ಚು ಸೋತರೆಂದರೆ, ಅವರ ಹಿಂದೆ ನಿಂತ ತಂಡ ಎಂಥದ್ದಿರಬಹುದು ಎಂದು ಊಹಿಸಿಕೊಳ್ಳಿ.

ನನ್ನ ವಾದ ಇಷ್ಟು. ನೆಚ್ಚೈ ಅವರ ನಿಜವಾದ ಅಳತೆ ಬರ್ಲಿಂಗ್‌ಟನ್‌ನ ಆ 126 ಇನಿಂಗ್ಸ್‌ಗಳಲ್ಲಿದೆ. ಬ್ರಿಸ್ಟಲ್‌ನ ರಾತ್ರಿ ಆಕಸ್ಮಿಕವಾಗಿರಲಿಲ್ಲ ಎಂಬುದಕ್ಕೆ ಅದೇ ಸಾಕ್ಷಿ. ಪಿಟ್ಸ್‌ಬರ್ಗ್‌ನಲ್ಲಿ ಆದದ್ದು ಅವಸರದ ಫಲ. ಒಪ್ಪದವರು ದಯವಿಟ್ಟು ಕಾರಣ ಸಹಿತ ಬರೆಯಬೇಕಾಗಿ ವಿನಂತಿ.

ಮೂರನೇ ಬೇಸ್

ಒಪ್ಪದವರಲ್ಲಿ ನಾನೇ ಮೊದಲಿಗ. ಬ್ರಿಸ್ಟಲ್ ಆಡುತ್ತಿದ್ದ ಅಪ್ಪಲೇಚಿಯನ್ ಲೀಗ್ ಡಿ ದರ್ಜೆಯದು. ಡಿ ಎಂದರೆ ಆ ಕಾಲದ ಮೈನರ್ ಲೀಗ್ ಏಣಿಯ ಅತ್ಯಂತ ಕೆಳಗಿನ ಮೆಟ್ಟಿಲು; ಅದರ ಮೇಲೆ ಸಿ, ಬಿ, ಎ, ಡಬಲ್ ಎ, ಟ್ರಿಪಲ್ ಎ ಎಂದು ಸಾಲು ಮೆಟ್ಟಿಲುಗಳಿದ್ದವು. 1949ರಲ್ಲಿ ಅಮೆರಿಕದಲ್ಲಿ 59 ಮೈನರ್ ಲೀಗ್‌ಗಳಿದ್ದವು ಎಂದರೆ, ಅಷ್ಟೂ ತಂಡಗಳನ್ನು ತುಂಬಲು ಎಂತೆಂಥವರನ್ನು ಕರೆತಂದಿರಬೇಕು? ವೆಲ್ಚ್ ಎಂಬುದು ವೆಸ್ಟ್ ವರ್ಜೀನಿಯಾದ ಕಲ್ಲಿದ್ದಲಿನ ಪಟ್ಟಣ, ‘ಮೈನರ್ಸ್’ ಎಂಬ ಹೆಸರು ಗಣಿ ಕಾರ್ಮಿಕರನ್ನು ಸೂಚಿಸುವಂಥದ್ದು. ಅಂಥ ತಂಡದ ಬ್ಯಾಟರ್‌ಗಳು, 1952ರ ಮಂದ ದೀಪಗಳ ಅಡಿಯಲ್ಲಿ, ವೇಗದ ಚೆಂಡನ್ನು ಕಾಣದೆ ಬ್ಯಾಟ್ ಬೀಸಿದರು ಎಂದರೆ ಅದರಲ್ಲಿ ಆಶ್ಚರ್ಯವೇನಿದೆ?

ಇನ್ನೊಂದು ಪ್ರಶ್ನೆ. ಆ ಪಂದ್ಯದಲ್ಲಿ ಒಬ್ಬ ಬ್ಯಾಟರ್ ನೆಲಕ್ಕೆ ಹೊಡೆದು ಔಟಾದನೆಂದು ಓದಿದ್ದೇನೆ. ಒಟ್ಟು ಔಟ್ 27. ಅದರಲ್ಲಿ ಒಂದು ಫೀಲ್ಡರ್ ಪಾಲಿಗೆ ಹೋದರೆ ಉಳಿಯುವುದು 26. ಇಪ್ಪತ್ತೇಳನೆಯದು ಎಲ್ಲಿಂದ ಬಂತು?

ಲೆಕ್ಕದ ಮೇಷ್ಟ್ರು

ಎರಡನೆಯ ಪ್ರಶ್ನೆಗೆ ಉತ್ತರಿಸುತ್ತೇನೆ, ಏಕೆಂದರೆ ಈ ಪಂದ್ಯದಲ್ಲಿ ನನಗೆ ಅತ್ಯಂತ ಇಷ್ಟವಾದ ಭಾಗವೇ ಅದು. ಬೇಸ್‌ಬಾಲ್‌ನಲ್ಲಿ ಮೂರನೇ ಸ್ಟ್ರೈಕ್ ಆದರೂ, ಬ್ಯಾಟರ್ ಹಿಂದೆ ಕೂರುವ ಕ್ಯಾಚರ್ ಆ ಚೆಂಡನ್ನು ಹಿಡಿಯದೆ ಬಿಟ್ಟರೆ, ಮೊದಲ ಬೇಸ್ ಖಾಲಿ ಇದ್ದಾಗ ಅಥವಾ ಆಗಲೇ ಇಬ್ಬರು ಔಟಾಗಿದ್ದಾಗ ಬ್ಯಾಟರ್ ಮೊದಲ ಬೇಸ್‌ಗೆ ಓಡಬಹುದು. ಸುರಕ್ಷಿತವಾಗಿ ತಲುಪಿದರೆ ಅವನು ಔಟಲ್ಲ; ಆದರೆ ಪಿಚರ್ ಖಾತೆಗೆ ಸ್ಟ್ರೈಕ್‌ಔಟ್ ಮಾತ್ರ ಸೇರುತ್ತದೆ. ಒಂಬತ್ತನೇ ಇನಿಂಗ್ಸ್‌ನಲ್ಲಿ ನೆಚ್ಚೈ ಎಸೆದ ಒಂದು ಮೂರನೇ ಸ್ಟ್ರೈಕ್ ಕ್ಯಾಚರ್ ಹ್ಯಾರಿ ಡನ್ಲಪ್ ಅವರ ಕೈತಪ್ಪಿ ಹಿಂದಕ್ಕೆ ಹೋಯಿತು, ಬ್ಯಾಟರ್ ಬೇಸ್ ಸೇರಿದ. ಹಾಗಾಗಿ ಆ ಒಂದೇ ಇನಿಂಗ್ಸ್‌ನಲ್ಲಿ ನಾಲ್ಕು ಸ್ಟ್ರೈಕ್‌ಔಟ್.

ಈಗ ಕೂಡಿಸಿ ನೋಡಿ. ಸ್ಟ್ರೈಕ್‌ಔಟ್ 27, ನೆಲದ ಹೊಡೆತಕ್ಕೆ ಔಟ್ 1, ವಾಕ್ (ನಾಲ್ಕು ತಪ್ಪು ಎಸೆತಗಳಿಂದ ಬ್ಯಾಟರ್‌ಗೆ ಪುಕ್ಕಟೆ ಸಿಗುವ ಬೇಸ್) 1, ಮೈಗೆ ಚೆಂಡು ತಗುಲಿ ಬೇಸ್‌ಗೆ ಹೋದವನು 1, ಫೀಲ್ಡರ್ ತಪ್ಪಿನಿಂದ ಹೋದವನು 1. ಒಟ್ಟು 31 ಬ್ಯಾಟರ್‌ಗಳು. ಇವರಲ್ಲಿ ಅಂಕಣದ ಒಳಗೆ ಆಟಕ್ಕೆ ಬರುವಂತೆ ಚೆಂಡನ್ನು ಹೊಡೆದವರು ಇಬ್ಬರೇ: ನೆಲಕ್ಕೆ ಹೊಡೆದು ಔಟಾದವನು ಮತ್ತು ತಪ್ಪಿನ ಪ್ರಯೋಜನ ಪಡೆದವನು. ಫೀಲ್ಡಿಂಗ್ ಮಾಡಲು ನಿಂತ ಏಳು ಮಂದಿ ಆ ರಾತ್ರಿ ನೋಡುಗರ ಸಾಲಿಗೇ ಸೇರಿದ್ದರು ಎನ್ನಬಹುದು.

ಆದ್ದರಿಂದ, ಕ್ಯಾಚರ್ ಕೈತಪ್ಪಿಸದಿದ್ದರೆ ಸಂಖ್ಯೆ 26ಕ್ಕೆ ನಿಲ್ಲುತ್ತಿತ್ತು ಎಂಬುದು ನಿಜ. ಆದರೆ ನಮ್ಮ ಮಿತ್ರರು ಇದನ್ನು ದಾಖಲೆಯ ಮೇಲಿನ ಕಲೆಯೆಂದು ನೋಡಬಾರದು. ಕೈತಪ್ಪಿದ ಚೆಂಡು ಪಿಚರ್‌ಗೆ ಕೊಟ್ಟದ್ದು ಇನ್ನೊಂದು ಅವಕಾಶವನ್ನು ಮಾತ್ರ, ಆ ಹೆಚ್ಚುವರಿ ಬ್ಯಾಟರ್‌ನನ್ನೂ ಅವರೇ ಔಟ್ ಮಾಡಬೇಕಿತ್ತು.

ಕ್ಯಾರೊಲೈನಾ ಕನ್ನಡಿಗ

ನಾನು ನಾರ್ತ್ ಕ್ಯಾರೊಲೈನಾದಲ್ಲಿ ನೆಲೆಸಿ ಹಲವು ವರ್ಷಗಳಾಗಿವೆ. ಬರ್ಲಿಂಗ್‌ಟನ್ ನಮಗೆ ದೂರವೇನಲ್ಲ. ಬ್ರಿಸ್ಟಲ್‌ಗೂ ಒಮ್ಮೆ ಹೋಗಿದ್ದೆ. ಅಲ್ಲಿನ ಮುಖ್ಯ ಬೀದಿಯ ನಡುವೆಯೇ ವರ್ಜೀನಿಯಾ ಮತ್ತು ಟೆನೆಸಿ ರಾಜ್ಯಗಳ ಗಡಿ ಹಾದುಹೋಗುತ್ತದೆ. ರಸ್ತೆ ದಾಟಿದರೆ ರಾಜ್ಯ ದಾಟಿದಂತೆ. ಎರಡು ರಾಜ್ಯಗಳಲ್ಲಿ ಹರಡಿದ ಅವಳಿ ಪಟ್ಟಣವಾದ್ದರಿಂದಲೇ ತಂಡಕ್ಕೆ ‘ಟ್ವಿನ್ಸ್’ ಎಂಬ ಹೆಸರು ಚೆನ್ನಾಗಿ ಒಪ್ಪುತ್ತಿತ್ತು. ಅಪ್ಪಲೇಚಿಯನ್ ಲೀಗ್ 2021ರಿಂದ ವೃತ್ತಿಪರ ಲೀಗ್ ಆಗಿ ಉಳಿದಿಲ್ಲ, ಕಾಲೇಜು ಆಟಗಾರರ ಬೇಸಿಗೆ ಲೀಗ್ ಆಗಿದೆ. ಹಾಗಾಗಿ ಆ ಲೀಗ್‌ನಲ್ಲಿ ಈ ದಾಖಲೆಯನ್ನು ಮುರಿಯುವ ವೃತ್ತಿಪರ ಪಿಚರ್ ಇನ್ನು ಬರುವಂತೆಯೇ ಇಲ್ಲ.

ವೆಲ್ಚ್ ತಂಡ ದುರ್ಬಲವಾಗಿತ್ತು ಎಂಬ ವಾದಕ್ಕೆ ಒಂದು ಮಾತು. ನೆಚ್ಚೈ ಮುಂದಿನ ಬಾರಿ ಆರಂಭಿಕ ಪಿಚರ್ ಆಗಿ ಇಳಿದಾಗ ಕಿಂಗ್ಸ್‌ಪೋರ್ಟ್ ವಿರುದ್ಧ 24 ಸ್ಟ್ರೈಕ್‌ಔಟ್ ಪಡೆದರು. ಬ್ರಿಸ್ಟಲ್‌ನಲ್ಲಿ ಅವರ ಒಟ್ಟು ಲೆಕ್ಕ 42 ಮತ್ತು ಮೂರನೇ ಎರಡು ಇನಿಂಗ್ಸ್‌ಗಳಲ್ಲಿ 109 ಸ್ಟ್ರೈಕ್‌ಔಟ್, ನಾಲ್ಕು ಗೆಲುವು, ಸೋಲೇ ಇಲ್ಲ, ಸರಾಸರಿ 0.42. ಅಷ್ಟು ಇನಿಂಗ್ಸ್‌ಗಳಲ್ಲಿ 128 ಔಟ್‌ಗಳಿರುತ್ತವೆ. ಡಿ ದರ್ಜೆಯಲ್ಲಿ ಆ ವರ್ಷ ನೂರಾರು ಪಿಚರ್‌ಗಳು ಇಂಥದೇ ಬ್ಯಾಟರ್‌ಗಳಿಗೆ ಎಸೆಯುತ್ತಿದ್ದರು. ಬೇರೆ ಯಾರೂ ಹೀಗೆ ಮಾಡಲಿಲ್ಲ.

ಗ್ಯಾಲರಿ ಪ್ರೇಕ್ಷಕಿ

ಬೇರೆ ಯಾರೂ ಇಲ್ಲ ಎನ್ನುವ ಮೊದಲು ಅದೇ ತಂಡದ ಬಿಲ್ ಬೆಲ್ ಅವರನ್ನು ನೆನೆಯಬೇಕು. ಅದೇ ಮೇ ತಿಂಗಳಿನಲ್ಲಿ ಬೆಲ್ ಸತತ ಎರಡು ನೋ-ಹಿಟ್ಟರ್ (ಎದುರಾಳಿಗೆ ಒಂದೂ ಹಿಟ್ ಕೊಡದ ಪಂದ್ಯ) ಎಸೆದರು. ಕೆಲವೇ ದಿನಗಳ ಅಂತರದಲ್ಲಿ ಮೂರು ನೋ-ಹಿಟ್ಟರ್‌ಗಳಿಗೆ ಕ್ಯಾಚರ್ ಆಗಿದ್ದ ಹ್ಯಾರಿ ಡನ್ಲಪ್ ಮುಂದೆ ಮೇಜರ್ ಲೀಗ್‌ನಲ್ಲಿ ದೀರ್ಘಕಾಲ ತರಬೇತುದಾರರಾಗಿದ್ದರು. ಆ ಪುಟ್ಟ ಪಟ್ಟಣದ ಜನರಿಗೆ 1952ರ ವಸಂತ ಒಂದು ಹಬ್ಬದಂತೆ ಕಂಡಿರಬೇಕು.

ಚಿಕ್ಕದೊಂದು ವಿಷಯಾಂತರ: ಈ ಹೆಸರನ್ನು ಕನ್ನಡದಲ್ಲಿ ‘ನೆಕ್ಕಿಯೈ’ ಎಂದೋ ‘ನೆಸಿಯೈ’ ಎಂದೋ ಬರೆದವರನ್ನು ಕಂಡಿದ್ದೇನೆ. ಇಟಾಲಿಯನ್ ಮೂಲದ ಈ ಹೆಸರಿನ ಉಚ್ಚಾರಣೆ ‘ನೆಚ್-ಐ’ ಎಂಬುದೇ ಸರಿ. ನೆಚ್ಚಿಕೊಳ್ಳುವುದಕ್ಕೂ ಈ ಹೆಸರಿಗೂ ಸಂಬಂಧವಿಲ್ಲದಿದ್ದರೂ, ಒಂದು ಇಡೀ ತಂಡ ಅವರೊಬ್ಬರನ್ನೇ ನೆಚ್ಚಿಕೊಂಡು ಕೂತದ್ದನ್ನು ನೆನೆದರೆ ಕನ್ನಡದ ಕಿವಿಗೆ ಈ ಹೆಸರು ಬೇರೆಯೇ ರೀತಿಯಲ್ಲಿ ಕೇಳಿಸುತ್ತದೆ.

ಅವರ ಹೊಟ್ಟೆಯ ಹುಣ್ಣಿನ ಬಗ್ಗೆ ಇನ್ನೂ ಯಾರೂ ಬರೆದಿಲ್ಲವಲ್ಲ?

ಹಳೆಯ ಸ್ಕೋರ್‌ಕಾರ್ಡ್

ಪ್ರೇಕ್ಷಕಿಯವರು ನೆನಪಿಸಿದ್ದು ಒಳ್ಳೆಯದಾಯಿತು. ಈ ವೃತ್ತಿಜೀವನವನ್ನು ಅರ್ಥ ಮಾಡಿಕೊಳ್ಳಲು ಅದೇ ಕೀಲಿಕೈ ಎಂದು ನನಗೆ ಅನಿಸುತ್ತದೆ.

ನೆಚ್ಚೈ 1932ರ ಜೂನ್‌ನಲ್ಲಿ ಪಶ್ಚಿಮ ಪೆನ್ಸಿಲ್ವೇನಿಯಾದಲ್ಲಿ, ಪಿಟ್ಸ್‌ಬರ್ಗ್‌ಗೆ ಹತ್ತಿರದ ಗ್ಯಾಲಟಿನ್ ಎಂಬಲ್ಲಿ ಹುಟ್ಟಿದವರು. ಹುಟ್ಟೂರಿನ ಪಕ್ಕದ ಮೇಜರ್ ಲೀಗ್ ತಂಡಕ್ಕೇ ಆಡುವ ಭಾಗ್ಯ ಒಂದು ಕಡೆ, ಆ ಊರಿನ ನಿರೀಕ್ಷೆಯ ಭಾರ ಇನ್ನೊಂದು ಕಡೆ. ಅವರು ವೃತ್ತಿಗೆ ಬಂದದ್ದು ಮೊದಲ ಬೇಸ್‌ನ ಆಟಗಾರರಾಗಿ. ಅವರ ತೋಳಿನ ಬಲವನ್ನು ಗುರುತಿಸಿ ಪಿಚರ್ ಮಾಡಿದವರು ಮ್ಯಾನೇಜರ್ ಜಾರ್ಜ್ ಡಿಟೋರ್, 1930ರ ದಶಕದ ಆರಂಭದಲ್ಲಿ ಕ್ಲೀವ್‌ಲ್ಯಾಂಡ್ ಪರ ಆಡಿದ್ದ ಅನುಭವಿ. 1951ರಲ್ಲಿ ಸಾಲಿಸ್‌ಬರಿಯಲ್ಲಿ ಡಿಟೋರ್ ಕೈಕೆಳಗೆ ನೆಚ್ಚೈ ಪಡೆದ ಫಲಿತಾಂಶ ಸಾಧಾರಣವೇ. 1952ರಲ್ಲಿ ಬ್ರಿಸ್ಟಲ್‌ನಲ್ಲಿ ಮತ್ತೆ ಅದೇ ಡಿಟೋರ್ ಅವರ ಆಶ್ರಯ ಸಿಕ್ಕಿತು.

ಹತ್ತೊಂಬತ್ತರ ಹರೆಯದಲ್ಲೇ ಅವರಿಗೆ ಹೊಟ್ಟೆಯಲ್ಲಿ ರಕ್ತಸ್ರಾವವಾಗುವಷ್ಟು ತೀವ್ರವಾದ ಹುಣ್ಣು ಇತ್ತು. ಆ ಪ್ರಸಿದ್ಧ ಪಂದ್ಯದ ದಿನವೂ ನೋವಿತ್ತು. ಪಂದ್ಯದ ನಡುವೆಯೇ ಹಾಲು ಮತ್ತು ಮಾತ್ರೆ ತೆಗೆದುಕೊಳ್ಳುತ್ತಾ ಎಸೆದರು. ಇಪ್ಪತ್ತೇಳು ಮಂದಿಯನ್ನು ಕಂಗೆಡಿಸಿದ ಆ ತರುಣ ಸ್ವತಃ ಹೊಟ್ಟೆ ಹಿಡಿದುಕೊಂಡು ಬೆಂಚಿನ ಮೇಲೆ ಕೂತಿರುತ್ತಿದ್ದರು ಎಂಬ ಚಿತ್ರ ದಾಖಲೆಯ ಸಂಖ್ಯೆಯಲ್ಲಿ ಕಾಣಿಸುವುದಿಲ್ಲ.

ಇಂಥ ದೇಹಸ್ಥಿತಿಯ ತರುಣನನ್ನು ಮೇ 13ರಿಂದ ಆಗಸ್ಟ್ 10ರ ಒಳಗೆ, ಅಂದರೆ ಮೂರು ತಿಂಗಳು ತುಂಬುವ ಮೊದಲೇ, ಡಿ ದರ್ಜೆಯಿಂದ ಮೇಜರ್ ಲೀಗ್‌ಗೆ ಏರಿಸಲಾಯಿತು. ಏರಿಸಿದವರು ಪೈರೇಟ್ಸ್‌ನ ಜನರಲ್ ಮ್ಯಾನೇಜರ್ ಬ್ರಾಂಚ್ ರಿಕಿ. ಡಾಜರ್ಸ್‌ನಲ್ಲಿದ್ದಾಗ ಜಾಕಿ ರಾಬಿನ್ಸನ್ ಅವರನ್ನು ಸೇರಿಸಿಕೊಂಡು ವರ್ಣಭೇದದ ಗೋಡೆ ಒಡೆದವರು, ಅದಕ್ಕೂ ಮುನ್ನ ಸೇಂಟ್ ಲೂಯಿಸ್‌ನಲ್ಲಿ ಮೈನರ್ ಲೀಗ್ ತಂಡಗಳನ್ನು ಸಸಿಮಡಿಗಳಂತೆ ಬೆಳೆಸುವ ಪದ್ಧತಿಯನ್ನು ಕಟ್ಟಿದವರು. ನೆಚ್ಚೈ ಅವರನ್ನು ರಿಕಿ ಡಿಜ್ಜಿ ಡೀನ್‌ರಂಥ ದಿಗ್ಗಜರಿಗೆ ಹೋಲಿಸಿದ್ದರು. ಸಸಿಗಳನ್ನು ಹದವಾಗಿ ಬೆಳೆಸುವುದನ್ನು ಇಡೀ ಅಮೆರಿಕಕ್ಕೆ ಕಲಿಸಿದ ಮನುಷ್ಯನೇ ಈ ಸಸಿಯನ್ನು ಬೇರು ಬಿಡುವ ಮೊದಲೇ ಕಿತ್ತು ನೆಟ್ಟರು ಎಂಬುದು ನನ್ನ ಆಕ್ಷೇಪ.

ಮೂರನೇ ಬೇಸ್

ಬರ್ಲಿಂಗ್‌ಟನ್ ಅಂಕಿಗಳ ವಿಷಯದಲ್ಲಿ ನಾನು ಸ್ವಲ್ಪ ಸಡಿಲಗೊಂಡಿದ್ದೇನೆ ಎಂದು ಒಪ್ಪಿಕೊಳ್ಳುತ್ತೇನೆ. ಅದು ಬರೀ ದುರ್ಬಲ ಬ್ಯಾಟರ್‌ಗಳ ಕಥೆಯಾಗಿದ್ದರೆ ಎರಡು ದರ್ಜೆ ಮೇಲೆ ಹೋದಾಗ ಸರಾಸರಿ ಪೂರಾ ಕೆಡಬೇಕಿತ್ತು. ಆದರೆ ಅವಸರದ ವಾದವನ್ನು ಒಪ್ಪಲಾರೆ. ಬಾಬ್ ಫೆಲ್ಲರ್ 1936ರಲ್ಲಿ, ಹದಿನೇಳರ ವಯಸ್ಸಿನಲ್ಲಿ, ಒಂದೇ ಒಂದು ಮೈನರ್ ಲೀಗ್ ಪಂದ್ಯವನ್ನೂ ಆಡದೆ ಅಯೋವಾದ ಹೊಲದಿಂದ ನೇರವಾಗಿ ಕ್ಲೀವ್‌ಲ್ಯಾಂಡ್ ಸೇರಿ, ಮೊದಲ ಬಾರಿ ಆರಂಭಿಕ ಪಿಚರ್ ಆಗಿ ಇಳಿದಾಗಲೇ 15 ಸ್ಟ್ರೈಕ್‌ಔಟ್ ಪಡೆದರು. ಅವಸರ ಅವರನ್ನೇಕೆ ಕೆಡಿಸಲಿಲ್ಲ? ನಿಜವಾದ ಪ್ರತಿಭೆ ಎಲ್ಲಿ ಬಿಟ್ಟರೂ ಮೊಳೆಯುತ್ತದೆ.

ಪಿಟ್ಸ್‌ಬರ್ಗ್‌ನಲ್ಲಿ ನೆಚ್ಚೈ 54 ಮತ್ತು ಮೂರನೇ ಎರಡು ಇನಿಂಗ್ಸ್ ಎಸೆದರು, 31 ಸ್ಟ್ರೈಕ್‌ಔಟ್ ಪಡೆದರು, 32 ವಾಕ್ ಕೊಟ್ಟರು, ಒಂದು ಗೆದ್ದು ಆರು ಸೋತರು. ಸ್ಟ್ರೈಕ್‌ಔಟ್‌ಗಿಂತ ವಾಕ್ ಹೆಚ್ಚಾದ ಮೇಲೆ ಯಾರನ್ನು ದೂರುವುದು?

ಲೆಕ್ಕದ ಮೇಷ್ಟ್ರು

ಫೆಲ್ಲರ್ ಅವರನ್ನು ಉದಾಹರಣೆಯಾಗಿ ತರುವುದು, ಊರಿಗೆಲ್ಲ ಒಬ್ಬನೇ ಈಜಿದ ಹೊಳೆಯನ್ನು ತೋರಿಸಿ ಎಲ್ಲರೂ ಈಜಿರಿ ಎಂದಂತೆ. ಅದಕ್ಕಿಂತ ಸರಿಯಾದ ಹೋಲಿಕೆ ಎಡ್ಡಿ ಮ್ಯಾಥ್ಯೂಸ್. ಅವರು ಪಿಚರ್ ಅಲ್ಲ, ಆದರೂ ನೆಚ್ಚೈ ಅವರಿಗಿಂತ ಎಂಟು ತಿಂಗಳಷ್ಟೇ ಹಿರಿಯರು. 1949ರಲ್ಲಿ ಡಿ ದರ್ಜೆ, 1950ರಲ್ಲಿ ಡಬಲ್ ಎ ದರ್ಜೆಯ ಅಟ್ಲಾಂಟಾ, ಇನ್ನೂ ಒಂದು ವರ್ಷ ಮೈನರ್ ಲೀಗ್, ಆಮೇಲೆ 1952ರಲ್ಲಿ ಬೋಸ್ಟನ್ ಬ್ರೇವ್ಸ್. ಮೊದಲ ಋತುವಿನಲ್ಲೇ 25 ಹೋಮ್ ರನ್ ಹೊಡೆದರು, ಮುಂದೆ ಬೇಸ್‌ಬಾಲ್‌ನ ಹಾಲ್ ಆಫ್ ಫೇಮ್ ಸೇರಿದರು. ಮೂರು ವರ್ಷಗಳಲ್ಲಿ ಏರಿದ ಏಣಿಯನ್ನು ಮೂರು ತಿಂಗಳಲ್ಲಿ ಏರಿಸಿದರೆ ಉಸಿರು ಕಟ್ಟದೆ ಇರುತ್ತದೆಯೇ?

ಸೇರಿದ ತಂಡ ಯಾವುದೆಂಬುದನ್ನೂ ನೋಡಬೇಕು. 1952ರ ಪೈರೇಟ್ಸ್ 42 ಪಂದ್ಯ ಗೆದ್ದು 112 ಸೋತಿತು. ರಾಲ್ಫ್ ಕೈನರ್ 37 ಹೋಮ್ ರನ್ ಹೊಡೆದು ನ್ಯಾಷನಲ್ ಲೀಗ್‌ನ ಅಗ್ರಸ್ಥಾನವನ್ನು ಹಂಚಿಕೊಂಡರೂ ತಂಡ ಕಟ್ಟಕಡೆಯಲ್ಲೇ ಉಳಿಯಿತು. ಅಂಥ ತಂಡಕ್ಕೆ ಆಗಸ್ಟ್‌ನಲ್ಲಿ ಬೇಕಾಗಿದ್ದದ್ದು ಗೆಲುವಿಗಿಂತ ಹೆಚ್ಚಾಗಿ ಟಿಕೆಟ್ ಮಾರಾಟವೇ ಇರಬೇಕು ಎಂದು ನನ್ನ ಅನುಮಾನ. 27 ಸ್ಟ್ರೈಕ್‌ಔಟ್‌ಗಳ ಹುಡುಗ, ಅದೂ ಆ ಸೀಮೆಯವನೇ. ಜಾಹೀರಾತಿಗೆ ಇನ್ನೇನು ಬೇಕು?

ಗ್ಯಾಲರಿ ಪ್ರೇಕ್ಷಕಿ

ಆಟಗಾರ ಬೇಡವೆನ್ನಬಹುದಿತ್ತಲ್ಲ ಎಂದು ಕೇಳುವವರಿಗಾಗಿ ಒಂದು ಟಿಪ್ಪಣಿ. ಆ ಕಾಲದಲ್ಲಿ ಒಪ್ಪಂದದ ಕಾಯ್ದಿರಿಸುವ ಷರತ್ತಿನ ಪ್ರಕಾರ ಆಟಗಾರ ಕ್ಲಬ್‌ಗೆ ಕಟ್ಟುಬಿದ್ದವನು. ಕಳುಹಿಸಿದ ಕಡೆ ಹೋಗಬೇಕು, ಇಲ್ಲವೇ ಆಟ ಬಿಡಬೇಕು. ಆ ವ್ಯವಸ್ಥೆ ಮುರಿದದ್ದು 1975ರ ಕೊನೆಯ ಮಧ್ಯಸ್ಥಿಕೆ ತೀರ್ಪಿನಿಂದ.

ಆದರೆ ನೆಚ್ಚೈ ಅವರ ಮಟ್ಟಿಗೆ ಇದು ಮುಖ್ಯವಾಗಿರಲಿಲ್ಲ ಎನಿಸುತ್ತದೆ. ಮೇಜರ್ ಲೀಗ್ ಕರೆದರೆ ಯಾವ ಇಪ್ಪತ್ತರ ಹುಡುಗ ಬೇಡವೆಂದಾನು?

ವೈದ್ಯ ಓದುಗ

ಬೇಸ್‌ಬಾಲ್ ನನಗೆ ಅಷ್ಟಾಗಿ ತಿಳಿಯದು. ದೇಹದ ವಿಷಯ ಬಂದದ್ದರಿಂದ ಬರೆಯುತ್ತಿದ್ದೇನೆ. 1952ರಲ್ಲಿ ಜಠರದ ಹುಣ್ಣಿಗೆ ಚಿಂತೆ, ಒತ್ತಡ, ಖಾರದ ಊಟ ಇವೇ ಕಾರಣವೆಂದು ನಂಬಿದ್ದರು. ಹಾಲು ಮತ್ತು ಸಪ್ಪೆ ಆಹಾರವೇ ಚಿಕಿತ್ಸೆಯ ಮುಖ್ಯ ಭಾಗವಾಗಿತ್ತು. ಹೆಚ್ಚಿನ ಹುಣ್ಣುಗಳ ಹಿಂದೆ ಹೆಲಿಕೋಬ್ಯಾಕ್ಟರ್ ಪೈಲೋರಿ ಎಂಬ ಬ್ಯಾಕ್ಟೀರಿಯಾ ಇದೆ ಎಂದು ಆಸ್ಟ್ರೇಲಿಯಾದ ಬ್ಯಾರಿ ಮಾರ್ಷಲ್ ಮತ್ತು ರಾಬಿನ್ ವಾರೆನ್ ತೋರಿಸಿದ್ದು 1980ರ ದಶಕದಲ್ಲಿ. ಅವರಿಗೆ ನೊಬೆಲ್ ಬಂದದ್ದು 2005ರಲ್ಲಿ. ಈ ತರುಣನ ಹುಣ್ಣಿಗೆ ಮೂಲ ಯಾವುದಿತ್ತೆಂದು ಈಗ ಹೇಳಲು ಬರುವುದಿಲ್ಲ, ಆದರೆ ಇಂದು ಅಂಥ ರೋಗಿಗೆ ಪರೀಕ್ಷೆ ಮಾಡಿ, ಸೋಂಕು ಕಂಡರೆ ಎರಡು ವಾರಗಳ ಔಷಧ ಕೊಡುತ್ತಾರೆ. ಆ ಕಾಲದ ಒಳ್ಳೆಯ ವೈದ್ಯರೂ ‘ಚಿಂತಿಸಬೇಡಪ್ಪಾ’ ಎಂದು ಹೇಳಿ ಹಾಲು ಕುಡಿಸುತ್ತಿದ್ದರು.

ಅವರ ಭುಜಕ್ಕೆ ಏನಾಯಿತು ಎಂದು ತಿಳಿಯಬಹುದೇ?

ಹಳೆಯ ಸ್ಕೋರ್‌ಕಾರ್ಡ್

ಡಾಕ್ಟರೇ, ತಮ್ಮ ಟಿಪ್ಪಣಿಗೆ ಧನ್ಯವಾದಗಳು. ಮುಂದಿನ ಭಾಗ ಬೇಗ ಮುಗಿಯುವಂಥದ್ದು, ದುಃಖದ್ದೂ ಹೌದು. ಕೊರಿಯಾ ಯುದ್ಧ ನಡೆಯುತ್ತಿದ್ದ ಕಾಲ. 1953ರ ಆರಂಭದಲ್ಲಿ ನೆಚ್ಚೈ ಅವರನ್ನು ಸೇನೆಗೆ ಕರೆದುಕೊಂಡರು. ಸೇನೆಯ ಊಟ ಆ ಹೊಟ್ಟೆಗೆ ಒಗ್ಗಲಿಲ್ಲ, ತೂಕ ಇಳಿಯಿತು. ಕೆಲವೇ ತಿಂಗಳಲ್ಲಿ ಅನಾರೋಗ್ಯದ ಕಾರಣಕ್ಕೆ ಬಿಡುಗಡೆ ಮಾಡಿದರು. ಬಂದವರು ದೇಹ ಸುಧಾರಿಸಿಕೊಳ್ಳುವ ಮೊದಲೇ ಎಸೆಯಲು ಆರಂಭಿಸಿದರು. ಭುಜದ ರೊಟೇಟರ್ ಕಫ್ ಸ್ನಾಯುಗಳಿಗೆ ಪೆಟ್ಟಾಯಿತು. ಆ ಕಾಲದಲ್ಲಿ ಪಿಚರ್‌ನ ಭುಜವನ್ನು ಸರಿಪಡಿಸುವ ಶಸ್ತ್ರಚಿಕಿತ್ಸೆ ಕೈಗೆಟುಕುವಂತಿರಲಿಲ್ಲ. ಹೆಸರಾಂತ ಟಾಮಿ ಜಾನ್ ಶಸ್ತ್ರಚಿಕಿತ್ಸೆ, ಅದೂ ಮೊಣಕೈಯದು, ನಡೆದದ್ದೇ 1974ರಲ್ಲಿ. ಅಲ್ಲಲ್ಲಿ ಪ್ರಯತ್ನಪಟ್ಟು 1955ರ ಹೊತ್ತಿಗೆ ಅವರು ಆಟ ಬಿಟ್ಟರು. ಆಗ ವಯಸ್ಸು ಇಪ್ಪತ್ತಮೂರು. ಮುಂದೆ ಬೇಟೆ ಮತ್ತು ಮೀನುಗಾರಿಕೆಯ ಸಾಮಗ್ರಿಗಳ ವ್ಯಾಪಾರದಲ್ಲಿ ಬದುಕು ಕಟ್ಟಿಕೊಂಡರು.

ಕ್ಯಾರೊಲೈನಾ ಕನ್ನಡಿಗ

ಭುಜದ ಮಾತು ಬಂದಾಗ ಕಾರ್ಲ್ ಸ್ಪೂನರ್ ನೆನಪಾಗುತ್ತಾರೆ. 1954ರ ಸೆಪ್ಟೆಂಬರ್‌ನಲ್ಲಿ ಬ್ರೂಕ್ಲಿನ್ ಡಾಜರ್ಸ್ ಪರ ಮೊದಲ ಪಂದ್ಯದಲ್ಲೇ ಜೈಂಟ್ಸ್ ವಿರುದ್ಧ 15 ಸ್ಟ್ರೈಕ್‌ಔಟ್, ನಾಲ್ಕು ದಿನಗಳ ನಂತರ ಪೈರೇಟ್ಸ್ ವಿರುದ್ಧ 12, ಎರಡರಲ್ಲೂ ಎದುರಾಳಿಗೆ ಒಂದು ರನ್ ಕೂಡ ಇಲ್ಲ. 1955ರಲ್ಲಿ ಭುಜ ಕೈಕೊಟ್ಟಿತು. ಆ ವರ್ಷದ ನಂತರ ಅವರು ಮೇಜರ್ ಲೀಗ್‌ನಲ್ಲಿ ಎಸೆಯಲೇ ಇಲ್ಲ. ಸ್ಟೀವ್ ಡಾಲ್ಕೌಸ್ಕಿ ಅವರದು ಮತ್ತೊಂದು ಬಗೆ: 1960ರಲ್ಲಿ ಸ್ಟಾಕ್‌ಟನ್ ಪರ 170 ಇನಿಂಗ್ಸ್‌ಗಳಲ್ಲಿ 262 ಸ್ಟ್ರೈಕ್‌ಔಟ್, ವಾಕ್ ಕೂಡ ಅಷ್ಟೇ 262. ಅವರು ಮೇಜರ್ ಲೀಗ್ ಪಂದ್ಯ ಆಡಲೇ ಇಲ್ಲ. ಈ ಮೂವರಲ್ಲಿ ಚೆಂಡಿನ ಮೇಲೆ ಹಿಡಿತವೂ ವೇಗವೂ ಕೂಡಿ ಬಂದು, ತಂಡದ ಆಡಳಿತ ತುಸು ತಾಳ್ಮೆ ತೋರಿದ್ದರೆ ಉಳಿಯಬಹುದಿತ್ತು ಎನಿಸುವವರು ನನ್ನ ಮಟ್ಟಿಗೆ ನೆಚ್ಚೈ ಒಬ್ಬರೇ.

ಮೂರನೇ ಬೇಸ್

ಹುಣ್ಣು ಮತ್ತು ಸೇನೆಯ ವಿವರ ಓದಿದ ಮೇಲೆ, ದೂರುವುದು ಯಾರನ್ನು ಎಂಬ ನನ್ನ ಮಾತನ್ನು ಹಿಂದಕ್ಕೆ ತೆಗೆದುಕೊಳ್ಳುತ್ತೇನೆ. ಆದರೆ ರಿಕಿ ಅವರೊಬ್ಬರನ್ನೇ ಕಟಕಟೆಯಲ್ಲಿ ನಿಲ್ಲಿಸುವುದಕ್ಕೆ ಈಗಲೂ ಮನಸ್ಸಿಲ್ಲ. ಭುಜ ಕೆಟ್ಟದ್ದು ಸೇನೆಯಿಂದ ಬಂದ ಮೇಲೆ, ಪಿಟ್ಸ್‌ಬರ್ಗ್‌ನಲ್ಲಿ ಅಲ್ಲ. ಕೊನೆಯದಾಗಿ ಒಂದು ಪ್ರಶ್ನೆ: ಮೇಜರ್ ಲೀಗ್‌ನಲ್ಲಿ ಅವರು ಗೆದ್ದ ಆ ಒಂದು ಪಂದ್ಯ ಯಾವುದು?

ಹಳೆಯ ಸ್ಕೋರ್‌ಕಾರ್ಡ್

1952ರ ಆಗಸ್ಟ್ 24, ಎದುರಾಳಿ ಬೋಸ್ಟನ್ ಬ್ರೇವ್ಸ್, ಫಲಿತಾಂಶ 4–3. ಮೇಷ್ಟ್ರು ಹೇಳಿದ ಎಡ್ಡಿ ಮ್ಯಾಥ್ಯೂಸ್ ಅವರ ತಂಡವೇ ಅದು. ಬೋಸ್ಟನ್‌ನಲ್ಲಿ ಆ ತಂಡಕ್ಕೂ ಅದೇ ಕಡೆಯ ಋತು. ನೆಚ್ಚೈ ಸೇನೆಗೆ ಹೋದ ಕೆಲವೇ ವಾರಗಳಲ್ಲಿ, 1953ರ ಮಾರ್ಚ್‌ನಲ್ಲಿ, ಬ್ರೇವ್ಸ್ ಗಂಟುಮೂಟೆ ಕಟ್ಟಿಕೊಂಡು ಮಿಲ್ವಾಕಿಗೆ ಹೊರಟುಹೋಯಿತು.